ಒಂಬತ್ತು ಪಟ್ಟಿಯ ಪ್ರಾಣಿ, ಹದಿನಾಲ್ಕನೇ ಮೊಹರು

ಬಾಲಾನಗರ, ಹೈದರಾಬಾದ್
ಭಾನುವಾರ, 12 ನವೆಂಬರ್ 2000

ಪ್ರೀತಿಯ ತಮ್ಮ ಆನಂದಾ,

ಹೇಗಿದ್ದೀಯಾ? ಕೆಮ್ಮು ಕಡಿಮೆಯಾಯಿತೇ? ಹಾಸ್ಟೆಲಿನ ಸಾಂಬಾರು ಬಣ್ಣದಲ್ಲಿ ಇನ್ನೂ ಮೂಸಿ ನದಿಯ ಜೊತೆ ಪೈಪೋಟಿಗಿಳಿದಿದೆಯೇ? ಇವು ನನ್ನ ಪ್ರಶ್ನೆಗಳು. ತಲೆಗೆ ಎಣ್ಣೆ ಹಚ್ಚಿಕೊಳ್ಳುತ್ತಾನೋ ಇಲ್ಲವೋ, ಶೇಂಗಾ ಹಿಂಡಿ ಮುಗಿಯಿತೋ ಇನ್ನೂ ಇದೆಯೋ ಎಂಬವು ಅವ್ವನವು. ಬಾಲಾನಗರದಿಂದ ಅಮೀರ್‌ಪೇಟೆಗೆ ಅರ್ಧ ಗಂಟೆಯ ಬಸ್ಸು. ಅಷ್ಟು ದೂರಕ್ಕೆ ಅಂಚೆಯಲ್ಲಿ ಪತ್ರ ಹಾಕುವ ಅಕ್ಕ ಈ ಊರಲ್ಲಿ ನಾನೊಬ್ಬಳೇ ಇರಬೇಕು. ಏನು ಮಾಡಲಿ, ಫೋನು ಮಾಡಿದರೆ ನಿನ್ನ ಹಾಸ್ಟೆಲಿನ ಮಾಲೀಕ "ಆನಂದ್ ಲೇಡಮ್ಮಾ" ಎಂದು ತೆಲುಗಿನಲ್ಲಿ ಇಲ್ಲವೆನ್ನುತ್ತಾನೆ, ಅವನ ಬೆನ್ನ ಹಿಂದೆಯೇ ನಿನ್ನ ಕೆಮ್ಮು ಕೇಳಿಸುತ್ತದೆ. ಇರಲಿ, ಅವನು ಹೇಳುವುದರಲ್ಲಿ ತಪ್ಪಿಲ್ಲ. ಆಯುಧಪೂಜೆಯ ದಿನದಿಂದ ನಮ್ಮ ಮನೆಯಲ್ಲೂ ಆನಂದ ಇಲ್ಲ.

ನೀನು ಬಿಟ್ಟುಹೋದ ದಪ್ಪ ನೋಟ್‌ಬುಕ್ಕನ್ನು ಕದ್ದು ಓದಿದ್ದೇನೆ, ಕ್ಷಮಿಸು. ಪಾಠ ಹೇಳಲು ದಿಲ್‌ಸುಖ್‌ನಗರದ ನಮ್ಮ ಕಾಲೇಜಿಗೆ ಹೋಗಿಬರುತ್ತಾ ದಿನಕ್ಕೆ ಮೂರು ಗಂಟೆ ಬಸ್ಸಿನಲ್ಲಿ ಕೂರುವವಳಿಗೆ ಆರ್ಮಡಿಲೋ ಆದರೇನು, ಅಭಿಜ್ಞಾನ ಶಾಕುಂತಲ ಆದರೇನು. ನಿನ್ನ ಕಂಪನಿಯವರು ಆ ಪ್ರಾಣಿಯನ್ನೇ ನಾಯಕನನ್ನಾಗಿಟ್ಟು ಮಕ್ಕಳ ಕತೆಯ ಸಿ.ಡಿ. ಮಾಡುತ್ತಾರೆಂದು ಗೊತ್ತಿತ್ತು. ಆದರೆ ಅದಕ್ಕಾಗಿ ನೀನು ಅಬಿಡ್ಸ್‌ನ ಫುಟ್‌ಪಾತಿನಲ್ಲಿ ಎಷ್ಟು ಭಾನುವಾರ ಹಳೇ ಪುಸ್ತಕ ಕೆದಕಿದ್ದೀಯೆಂದು ಗೊತ್ತಿರಲಿಲ್ಲ. ಕತ್ತರಿಸಿ ಅಂಟಿಸಿದ ಚಿತ್ರಗಳನ್ನೆಲ್ಲ ನೋಡಿದೆ. ಪಾಪ, ಪರದೇಶದ ಮಕ್ಕಳ ಪುಸ್ತಕಗಳಲ್ಲಿ ಅದು ಕವಚ ತೊಟ್ಟ ಪುಕ್ಕಲ. ಕಾರ್ಟೂನಿನಲ್ಲಿ ಚೆಂಡಾಗಿ ಉರುಳಿ ಕಳ್ಳರನ್ನು ಕೆಡವುವ ಶೂರ. ದಕ್ಷಿಣ ಅಮೆರಿಕದ ಬೆಟ್ಟಗಳ ಹಾಡುಗಾರರು ಅದರ ಚಿಪ್ಪಿಗೇ ತಂತಿ ಬಿಗಿದು ಪುಟ್ಟ ವೀಣೆ ಮಾಡಿಕೊಂಡಿದ್ದರಂತೆ. ಟೆಕ್ಸಾಸಿನಲ್ಲಿ ಅಂಗಿಯ ಮೇಲೆ, ಟೋಪಿಯ ಮೇಲೆ, ಸಂಗೀತ ಸಭೆಯ ಪೋಸ್ಟರಿನ ಮೇಲೆ ಅದೇ. ನಮ್ಮ ಕಡೆಯ ಪುಸ್ತಕಗಳಲ್ಲಿ ಹುಡುಕಿ ಹುಡುಕಿ ನಿನಗೆ ಸಿಕ್ಕಿದ್ದು ಒಂದೇ ಸಾಲು: "ನಮ್ಮ ಚಿಪ್ಪುಹಂದಿಯನ್ನು ಹೋಲುವ ಒಂದು ಪ್ರಾಣಿ." ಅದರ ಕೆಳಗೆ ನೀನು ಬರೆದಿದ್ದೀಯಾ, "ಹೋಲುವುದಿಲ್ಲ." ಆದರೂ ಅದರ ಹೆಸರಿನಲ್ಲಿ ಕನ್ನಡ ಇದೆಯೋ. ಹೆಸರಿನ ಹೊಟ್ಟೆಯಲ್ಲಿ ಮಡಿ, ಬೆನ್ನ ಮೇಲೆ ಒಂಬತ್ತು ಮಡಿಕೆ. ಓಣಿಯ ಪಾರ್ವತೆಮ್ಮನವರಿಗೂ ಅಷ್ಟು ಮಡಿ ಇಲ್ಲ.

ಒಂದು ಪುಟದಲ್ಲಿ ಮಾತ್ರ ನನ್ನ ನಗು ನಿಂತಿತು. ಒಂಬತ್ತು ಪಟ್ಟಿಯ ಆರ್ಮಡಿಲೋ ಚೆಂಡಾಗುವುದೇ ಇಲ್ಲ, ಅದೆಲ್ಲ ಕಾರ್ಟೂನಿನವರ ಸುಳ್ಳು, ಹೆದರಿದರೆ ಅದು ನೆಟ್ಟಗೆ ಮೇಲಕ್ಕೆ ಜಿಗಿಯುತ್ತದೆ ಎಂದು ಬರೆದು, ಅದರ ಕೆಳಗೆ ಇನ್ನೊಂದು ಸಾಲು ಸೇರಿಸಿದ್ದೀಯಾ: "ಕಣ್ಣು ಬಹಳ ಮಂದ. ಆದರೆ ಯಾವ ಪುಸ್ತಕದವರೂ ಇದನ್ನು ಹೇಳುವುದಿಲ್ಲ." ಆ ಸಾಲಿನ ವಿಷಯಕ್ಕೇ ಬರುತ್ತೇನೆ. ಬರಲು ಮನಸ್ಸಿಲ್ಲದೆ ಇಷ್ಟು ಹೊತ್ತು ಹರಟಿದೆ.

ಅಪ್ಪನ ಚೀಟಿಗಳ ಹುಚ್ಚು ನಿನಗೆ ಗೊತ್ತಿದ್ದದ್ದೇ. ಇಪ್ಪತ್ತೆಂಟು ವರ್ಷ ಕಾರ್ಖಾನೆಯಲ್ಲಿ ಬಸ್ಸು-ಲಾರಿಯ ಬ್ರೇಕಿನ ಭಾಗಗಳನ್ನು ಅಳೆದು, ಸರಿಯಿದ್ದರೆ ಹಸಿರು, ತಪ್ಪಿದ್ದರೆ ಕೆಂಪು ಚೀಟಿ ಕಟ್ಟಿ, ಹದಿನಾಲ್ಕನೇ ನಂಬರಿನ ಮೊಹರು ಒತ್ತಿದ ಇನ್ಸ್‌ಪೆಕ್ಟರು ಮನೆಗೆ ಬಂದರೂ ಇನ್ಸ್‌ಪೆಕ್ಟರೇ. ಅವ್ವನ ರೊಟ್ಟಿಗೆ ಹಸಿರು ಚೀಟಿ. ನಿನ್ನ ಏಳನೇ ಇಯತ್ತೆಯ ಗಣಿತಕ್ಕೆ ಕೆಂಪು. ನನ್ನನ್ನು ನೋಡಲು ಬಂದ ರಾಯಚೂರಿನ ವರನ ಚಪ್ಪಲಿಗೆ, ಅವನು ಒಳಗೆ ಅವಲಕ್ಕಿ ತಿನ್ನುತ್ತಿದ್ದಾಗಲೇ, ಕೆಂಪು. ಅವನು ಅದನ್ನು ಎಳೆದುಕೊಂಡೇ ಬಸ್‌ಸ್ಟಾಂಡಿಗೆ ಹೋದದ್ದನ್ನು ನೆನೆದು ನಾವು ಎಷ್ಟು ವರ್ಷ ನಕ್ಕಿಲ್ಲ. ಅದಕ್ಕೇ ಆಯುಧಪೂಜೆಯ ದಿನ ಅಪ್ಪನ ವರ್ನಿಯರ್, ಮೈಕ್ರೋಮೀಟರುಗಳ ಪಕ್ಕ ನೀನು ನಿನ್ನ ಆರ್ಮಡಿಲೋ ಚಿತ್ರವನ್ನೂ, ಮಣ್ಣಿನ ಮಾದರಿಯನ್ನೂ ಇಟ್ಟಾಗ ನನಗೆ ಬಹಳ ಖುಷಿಯಾಗಿತ್ತು. ಹಸಿರು ಚೀಟಿಗಾಗಿ ಇಟ್ಟಿದ್ದೆ, ಅಲ್ಲವೇ? ಅಪ್ಪ ಚಿತ್ರವನ್ನು ಮುಖದ ಹತ್ತಿರ ಹಿಡಿದು, ಎಣಿಸಿ, ಕುಂಕುಮದ ಕೈಯಲ್ಲೇ ಕೆಂಪು ಕಟ್ಟಿದರು. "ಹೆಸರು ಒಂಬತ್ತು ಪಟ್ಟಿದು, ಇರೋವು ಎಂಟು. ಎಣಿಕಿ ಬರದವಗ ಚಿತ್ರ ಬಂದ್ರೇನ್ ಬಂತು?" ನೀನು ಅಂದದ್ದೂ ಕಡಿಮೆ ಇರಲಿಲ್ಲ. "ಬ್ರೇಕ್ ಎಣಿಸೋರಿಗೆ ಚಿತ್ರದ ಮಾತು ಯಾಕ್ರಿ? ಈ ಮನ್ಯಾಗ ನಾನ ಒಂದು ರಿಜೆಕ್ಟ್ ಮಾಲು." ಅವ್ವ ಆರತಿಯ ತಟ್ಟೆ ಹಿಡಿದು ನಿಂತೇ ಇದ್ದಳು. ನೀನು ಬ್ಯಾಗು ಹಿಡಿದು ಇಳಿದುಹೋದೆ.

ಆನಂದಾ, ಮರುದಿನ ನಾನು ಎಣಿಸಿದೆ. ಎರಡು ಸಲ ಎಣಿಸಿದೆ. ಒಂಬತ್ತೇ ಇವೆ. ಬಾಲದ ಕಡೆಯ ಎರಡು ಗೆರೆ ತೆಳುವಾಗಿ ಒತ್ತಾಗಿವೆ, ಅಷ್ಟೆ. ನಿನ್ನ ನೋಟ್‌ಬುಕ್ಕೇ ಹೇಳುತ್ತದೆ, ನಿಜವಾದ ಪ್ರಾಣಿಗೆ ಏಳೂ ಇರಬಹುದು, ಹನ್ನೊಂದೂ ಇರಬಹುದು, ಹೆಸರಿಗೆ ಮಾತ್ರ ಒಂಬತ್ತು. ಅದು ಹೋಗಲಿ. ಅಂಗುಲದ ಸಾವಿರದಲ್ಲೊಂದು ಪಾಲು ತಪ್ಪಿದರೂ ಹಿಡಿಯುತ್ತಿದ್ದ ಮನುಷ್ಯ ಕೈಯಲ್ಲಿದ್ದ ಚಿತ್ರದ ಗೆರೆ ತಪ್ಪಿಸಿದ್ದು ಹೇಗೆ ಎಂದು ನಾನು ಅಂದಿನಿಂದ ಅಪ್ಪನನ್ನೇ ನೋಡುತ್ತಾ ಬಂದೆ. ಪೇಪರು ಹಿಡಿಯುತ್ತಾರೆ, ಪುಟ ತಿರುವುವುದಿಲ್ಲ. ಚಹಾ ಬಸಿದರೆ ಬಸಿಯ ಹೊರಗೆ ಬೀಳುತ್ತದೆ. ಬಸ್‌ಸ್ಟಾಪಿನಲ್ಲಿ ಯಾವ ನಂಬರು ಬಂತೆಂದು ಪಕ್ಕದವರನ್ನು ಕೇಳುತ್ತಾರೆ, ಕೇಳಿ, ತಮಾಷೆಗೆ ಕೇಳಿದೆ ಎನ್ನುವಂತೆ ನಗುತ್ತಾರೆ. ಕಣ್ಣಿಗೆ ಪೊರೆ ಬಂದಿದೆ. ಅವ್ವನಿಗೆ ಯುಗಾದಿಯಿಂದಲೇ ಗೊತ್ತಂತೆ. ಯಾರಿಗೂ ಹೇಳಬಾರದೆಂದು ಅವಳಿಂದ ಆಣೆ ಮಾಡಿಸಿಕೊಂಡಿದ್ದಾರೆ. ಆಪರೇಷನ್ ಮಾಡಿಸಿದರೆ ಸರಿಹೋಗುತ್ತದೆ ಎಂದು ಅಪ್ಪನಿಗೇ ಹೇಳಿದೆ. "ಗೊಲ್ಲಾಳಪ್ಪ ಕಾಕಾನೂ ಸರಿ ಹೋಗ್ತೈತಿ ಅಂತನ ಕಣ್ಣಿನ ಕ್ಯಾಂಪಿಗೆ ಹೋಗಿದ್ದ" ಅಂದರು. ಕಾಕಾ ಒಂದು ಕಣ್ಣು ಕಳೆದುಕೊಂಡು ಬಂದದ್ದು ನೆನಪಿದೆಯಲ್ಲ. ಅದಕ್ಕೂ ಹೆಚ್ಚಿನ ಭಯ ಬೇರೆ. ಗೊತ್ತಾದರೆ ಕಾರ್ಖಾನೆಯವರು ಮೊಹರು ಕಸಿದುಕೊಂಡು ಸ್ಟೋರಿನಲ್ಲಿ ಕೂರಿಸುತ್ತಾರೆ.

ಇನ್ನು ಹೇಳಲಿಕ್ಕೆ ನಾಚಿಕೆಯಾಗುವ ಮಾತು. ಕಾರ್ಖಾನೆಯಲ್ಲಿ ಇನ್ಸ್‌ಪೆಕ್ಟರುಗಳಿಗೆ ವರ್ಷಕ್ಕೊಮ್ಮೆ ಕಣ್ಣಿನ ಪರೀಕ್ಷೆ. ಈ ಸಲ ಬರುವ ಶುಕ್ರವಾರ. ಡಾಕ್ಟರು ಗೋಡೆಗೆ ಹಾಕುವುದು ಹತ್ತು ವರ್ಷದಿಂದ ಅದೇ ಅಕ್ಷರಗಳ ಹಾಳೆ. ಅಪ್ಪ ಯಾರ ಹತ್ತಿರವೋ ಅದನ್ನು ಬರೆಸಿಕೊಂಡು ಬಂದಿದ್ದಾರೆ. ದಿನಾ ಸಂಜೆ ನಾನು ಓದಬೇಕು, ಅವರು ಗೋಡೆಯ ಕಡೆ ಮುಖ ಮಾಡಿ ಒಪ್ಪಿಸಬೇಕು. "ಐದನೇ ಸಾಲು ಇನ್ನೊಮ್ಮೆ ಹೇಳು ಶೈಲವ್ವಾ." ನಮಗೆ ಮಗ್ಗಿ ಕಲಿಸಿದ ಮನುಷ್ಯ, ತಪ್ಪಿದರೆ ಮಗುವಿನ ಹಾಗೆ ತಲೆ ಕೆರೆದುಕೊಳ್ಳುತ್ತಾರೆ. ನಾನು ಹೇಳಿಕೊಟ್ಟೆ. ಎಂಟು ದಿನ ಹೇಳಿಕೊಟ್ಟೆ. ಮೇಷ್ಟ್ರಾಗಿ ಕಾಪಿ ಹೊಡೆಯುವ ಹುಡುಗರನ್ನು ಹಿಡಿಯುವವಳು ಮನೆಯಲ್ಲಿ ಕೂತು ಕಾಪಿ ಹೊಡೆಸುತ್ತಿದ್ದೇನೆ. ಈಗ ಅವರಿಗೆ ಪೂರ್ತಿ ಬಾಯಿಪಾಠ. ಶುಕ್ರವಾರ ಪಾಸಾಗುತ್ತಾರೆ. ಆಮೇಲೆ ಇನ್ನೊಂದು ವರ್ಷ ಬ್ರೇಕಿನ ಭಾಗಗಳ ಮೇಲೆ ಆ ಮೊಹರು ಬೀಳುತ್ತದೆ. ನಾನು ಬಸ್ಸಿನಲ್ಲಿ ಕೂತಾಗಲೆಲ್ಲ, ಡ್ರೈವರು ಕಾಲು ಒತ್ತಿದಾಗಲೆಲ್ಲ, ನನ್ನ ಕಾಲೂ ತಾನಾಗಿ ಒತ್ತುತ್ತದೆ.

ಆಫೀಸಿಗೆ ಹೋಗಿ ನಾನೇ ಹೇಳಿಬಿಡಲೇ? ಹೇಳಿದರೆ ಅಪ್ಪ ನನ್ನ ಮುಖ ನೋಡಲಾರರು. ನೋಡಲಾರರು ಎಂದು ಬರೆದ ಮೇಲೆ ಆ ಮಾತಿನ ಇನ್ನೊಂದು ಅರ್ಥ ಹೊಳೆಯಿತು. ಹಾಳಾದ ಚಟ, ಇಂಥ ಹೊತ್ತಲ್ಲೂ ಬಿಡುವುದಿಲ್ಲ. ನಿನ್ನ ಚಿತ್ರದಲ್ಲಿ ಒಂಬತ್ತೇ ಇದ್ದವು ಎಂದೂ ನಾನು ಹೇಳಿಲ್ಲ. ಹೇಳಿದರೆ ಮಗನೂ ಹೋದ, ಕಣ್ಣೂ ಹೋಯಿತು ಎಂದು ಒಂದೇ ಮಾತಿನಲ್ಲಿ ಹೇಳಿದಂತೆ.

ಇವತ್ತು ಮಧ್ಯಾಹ್ನ ಊಟವಾದ ಮೇಲೆ ಅಪ್ಪ ಮಂಚದ ಮೇಲೆ ನಿನ್ನ ಮಣ್ಣಿನ ಆರ್ಮಡಿಲೋವನ್ನು ತೊಡೆಯ ಮೇಲಿಟ್ಟುಕೊಂಡು ಕೂತಿದ್ದರು. ನಾನು ಬಾಗಿಲಲ್ಲಿ ನಿಂತಿದ್ದು ಗೊತ್ತಾಗಲಿಲ್ಲ. ಕಬ್ಬಿಣದ ಅಂಚು ನೋಡುವ ಹಾಗೆ ಹೆಬ್ಬೆರಳ ಉಗುರನ್ನು ಬೆನ್ನ ಮೇಲೆ ನಿಧಾನ ಎಳೆದರು, ತುಟಿಯಲ್ಲಿ ಎಣಿಕೆ. ಬಾಲಕ್ಕೆ ಬಂದು ನಿಂತರು. ಮತ್ತೆ ಬಾಲದಿಂದ ಕತ್ತಿನ ತನಕ ಎಣಿಸಿದರು. ಆಮೇಲೆ ಬೆರಳು ಅದರ ಸೊಂಟಕ್ಕೆ ಹೋಯಿತು. ಅಲ್ಲಿ ನೀನು ಏನು ಮಾಡಿಟ್ಟಿದ್ದೀಯೆಂದು ನಾನೂ ಆಗಲೇ ಸರಿಯಾಗಿ ನೋಡಿದ್ದು: ದಾರದಲ್ಲಿ ಪೋಣಿಸಿದ ಪುಟ್ಟ ಪುಟ್ಟ ಚೀಟಿಗಳ ಕಟ್ಟು. ನಿನ್ನ ಕತೆಯ ನಾಯಕ ಅಪ್ಪ ಎಂದು ನಮಗೆ ಯಾಕೋ ಹೇಳಲಿಲ್ಲ? ಆ ಬೆರಳು ಅಲ್ಲೇ ಬಹಳ ಹೊತ್ತು ಇತ್ತು. ನಾನು ಒಳಗೆ ಬಂದು ಈ ಪತ್ರ ಹಿಡಿದೆ.

ನೀನು ಬಾ ಎಂದು ಬರೆಯುವ ಧೈರ್ಯ ನನಗಿಲ್ಲ, ಸಿಟ್ಟಿನ ಮಟ್ಟಿಗೆ ನೀನೂ ಹದಿನಾಲ್ಕನೇ ನಂಬರಿನವನೇ. ಅವ್ವ ಹಿಂಡಿ ಕುಟ್ಟುತ್ತಿದ್ದಾಳೆ, ಯಾರಿಗೆಂದು ಕೇಳಿದರೆ ಹೇಳುವುದಿಲ್ಲ. ಬಿಸಿನೀರು ಕುಡಿ, ಕೆಮ್ಮಿನಲ್ಲಿ ಐಸ್‌ಕ್ರೀಂ ಬೇಡ. ಅವ್ವನ ಆಶೀರ್ವಾದ ಎಣ್ಣೆಯ ಜೊತೆಗೇ ತಲೆಯ ಮೇಲಿರಲಿ.

ನಿನ್ನ ಅಕ್ಕ,
ಶೈಲಾ

ತಾ.ಕ.: ಕವರು ಅಂಟಿಸುವಷ್ಟರಲ್ಲಿ ಅಪ್ಪ ಬಂದರು. ಯಾರಿಗೆ ಎಂದು ಕೇಳಲಿಲ್ಲ, ಎರಡು ಚೀಟಿ ಕೊಟ್ಟು ಒಳಗೆ ಹಾಕು ಅಂದರು. ಹಾಕಿದ್ದೇನೆ, ನೋಡು. ಹಸಿರಿನ ಮೇಲೆ: "ಪಟ್ಟಿ 9. ಸರಿ." ಕೆಂಪಿನಲ್ಲಿ ಭಾಗದ ಹೆಸರು ಎಂಬಲ್ಲಿ "ಇನ್ಸ್‌ಪೆಕ್ಟರ್ 14", ಕಾರಣ ಎಂಬಲ್ಲಿ "ಕಣ್ಣು" ಎಂದಿದೆ. ಅಕ್ಷರಗಳು ಗೆರೆ ದಾಟಿ ಹೋಗಿವೆ, ನಗಬೇಡ. ಅಂಥದ್ದೇ ಇನ್ನೊಂದನ್ನು ಶುಕ್ರವಾರ ಡಾಕ್ಟರ ಕೈಗೆ ತಾವೇ ಕೊಡುತ್ತಾರಂತೆ. ಇಂದು ಸಂಜೆ ಐದನೇ ಸಾಲು ಕೇಳಲಿಲ್ಲ. ಕೇಳಿದ್ದು ಇಷ್ಟೇ: "ಬಸ್ಸಿನ ನಂಬರ್ ಓದಾಕ ಅವ ಬರ್ತಾನೇನು, ಕೇಳು. ಅವನ ಎಣಿಕಿ ಸರಿ ಐತಿ." ಶುಕ್ರವಾರ ಬೆಳಿಗ್ಗೆ ಏಳೂವರೆಗೆ ಮನೆ ಬಿಡುತ್ತಾರೆ.