ಸಿಪಾಯಿಯ ಬಾಯಿಗೆ ನನ್ನ ಮಾತು

1932 ಮಾರ್ಚ್ 17, ಸಂಜೆ
ಮೂರನೇ ಶೋ ಮುಗಿಯಿತು. ಗಂಟಲು ಕೆರೆತ. ಲೈಸೆನ್ಸ್ ಜೇಬಿನಲ್ಲಿದೆಯೇ ಎಂದು ಐದು ಸಲ ಮುಟ್ಟಿ ನೋಡಿಕೊಂಡೆ. ಮೂಕಿ ಚಿತ್ರದ ಪಕ್ಕ ನಿಂತು ಎಲ್ಲರ ಮಾತನ್ನೂ ನಾನೇ ಹೇಳಬೇಕು; ಅದಕ್ಕೇ ಜನ ನನ್ನನ್ನು ಮೇಷ್ಟ್ರು ಅನ್ನುವುದು. ಪೊಲೀಸರ ಪರೀಕ್ಷೆ ಪಾಸಾಗದೆ ಯಾರೂ ಹಾಗೆ ಬಾಯಿ ಬಿಡುವಂತಿಲ್ಲ.
ಹೊಸ ಚಿತ್ರ. ಶಾಂಘೈಯಲ್ಲಿ ಚೀನೀಯರ ಮೇಲೆ ನಮ್ಮ ಜಪಾನ್ ಸೈನ್ಯದ ಯುದ್ಧ. ಬಾಂಬು ಅಪ್ಪಿಕೊಂಡು ಮುಳ್ಳುತಂತಿಗೆ ಓಡುವ ಸಿಪಾಯಿ — ನಮ್ಮೂರಿನವನೇ, ಹೋದ ತಿಂಗಳು ಸತ್ತವನು; ಪಾತ್ರ ಮಾಡಿದವನು ಯಾವನೋ ನಟ. ಸಾಯುವ ಮುಂಚೆ ಒಮ್ಮೆ ಬಾಯಿ ತೆರೆಯುತ್ತಾನೆ. ಕಂಪನಿ ಕಳಿಸಿದ ಹಾಳೆಯಲ್ಲಿ ಅಲ್ಲಿ ಬರೀ ಕಷ್ಟದ ಅಕ್ಷರ. ನಾಲ್ಕನೇ ಕ್ಲಾಸಿಗೇ ಶಾಲೆ ಬಿಟ್ಟವನು ನಾನು... ಗಾಬರಿಯಲ್ಲಿ ಬಾಯಿಗೆ ಬಂದದ್ದು ಹೇಳಿಬಿಟ್ಟೆ: "ಅವ್ವಾ, ಬರ್ತೀನಿ." ಜನ ಗೊಳೋ ಎಂದು ಅತ್ತರು. ಬಚಾವಾದೆ.

ಮಾರ್ಚ್ 21
ಸತ್ತವರಿಗೆ ಎಡೆ ಇಡುವ ದಿನ. ಮ್ಯಾಟಿನಿ ಮುಗಿದ ಮೇಲೆ ಮುದುಕಿಯೊಬ್ಬಳು ಬಂದಳು. ಕೈಯಲ್ಲಿ ಸಿಹಿ ಅಕ್ಕಿಯುಂಡೆ. ಹೆಸರು ಶಿಮೆ. ಆ ಸಿಪಾಯಿಯ ತಾಯಿ!
"ಮಗನಿಗೆ ಅಂತ ಮಾಡಿದ್ದು. ಅವನ ಪರವಾಗಿ ನೀವೇ ತಿನ್ನಿ, ಮೇಷ್ಟ್ರೇ."
"ನಾನಾ? ಅಮ್ಮಾ, ನಾನು ಬರೀ..."
"ಸೈನ್ಯದೋರು ಏನೂ ಹೇಳ್ಲಿಲ್ಲ. ಕೊನೇಲಿ ನನ್ನ ಕರೆದ ಅಂತ ನಿಮ್ಮಿಂದ ಗೊತ್ತಾಯ್ತು. ದಿನಾ ಬರ್ತಿದೀನಿ, ಕೇಳೋಕೆ."
ಆ ಮಾತು ನಾನೇ ಕಟ್ಟಿದ್ದು ಎನ್ನುವ ಬದಲು ಉಂಡೆಯನ್ನು ಬಾಯಿಗೆ ಹಾಕಿಕೊಂಡೆ.

ಮಾರ್ಚ್ 22
ಪ್ರತಿ ಶೋದ ಮಾತು ಕಾಯಲು ಹಿಂದಿನ ಸಾಲಿನಲ್ಲಿಟ್ಟ ಪೊಲೀಸ್ ಕುರ್ಚಿಯಿಂದ ಮುತಾ ಸಾಹೇಬರು ಕರೆದರು.
"ಏನಯ್ಯಾ, ವೀರ ಸಾಯ್ತಾ ಅವ್ವಾ ಅಂತಾನಾ? ಹಾಳೇಲಿ ಏನಿದೆ?"
"ಚಕ್ರವರ್ತಿಗೆ ಜಯವಾಗಲಿ... ಅಂತೆ, ಸಾಹೇಬ್ರೆ."
"ಅಂತೆ! ನಿಂಗೆ ಓದೋಕೆ ಬರಲ್ವಾ? ಅದನ್ನೇ ಹೇಳು. ಇಲ್ಲಾಂದ್ರೆ ಲೈಸೆನ್ಸ್ ತಂದು ಟೇಬಲ್ ಮೇಲಿಡು."
ಥಿಯೇಟರಿನ ಮಾಲೀಕ ಕುರೋಗಿಗೆ ನಗು. "ಎರಡನ್ನೂ ಹೇಳ್ಬಿಡೋ." ಎರಡಕ್ಕೆ ಜಾಗ ಎಲ್ಲಿ? ಅವನು ಬಾಯಿ ತೆರೆಯುವುದು ಒಂದೇ ಸಲ.

ಮಾರ್ಚ್ 25
ಎರಡು ದಿನ ಜ್ವರದ ನೆಪ. ಇವತ್ತು ನಿಲ್ಲಲೇಬೇಕಾಯಿತು. ಹಿಂದೆ ಮುತಾ, ಮುಂದಿನ ಸಾಲಿನಲ್ಲಿ ಶಿಮೆ. ಸಿಪಾಯಿ ಬಾಯಿ ತೆರೆದ. ನನಗೆ ಯಾವುದೂ ಹೊರಡಲಿಲ್ಲ.
ಶಿಮೆಯೇ ಕೂಗಿದಳು: "ಅವ್ವಾ, ಬರ್ತೀನಿ!"
"ಹೋಗಿ ಬಾರಪ್ಪಾ!" — ಇಡೀ ಥಿಯೇಟರು.
ದೀಪ ಹತ್ತಿದಾಗ ಮುತಾ ಅವಳ ತೋಳು ಹಿಡಿದಿದ್ದರು; ನನ್ನ ಲೈಸೆನ್ಸನ್ನೂ ಕಿತ್ತುಕೊಂಡರು.

ಮಾರ್ಚ್ 26, ಬೆಳಿಗ್ಗೆ ಹತ್ತು. ಠಾಣೆಯ ಬೆಂಚು
ಸಹಿ ಹಾಕಲು ಹಾಳೆ ಕೊಟ್ಟಿದ್ದಾರೆ. ಅವರೇ ಓದಿ ಹೇಳಿದರು: ಆ ಮಾತು ನಾನು ಯಾವತ್ತೂ ಆಡಿಲ್ಲ, ಮಗ ಸತ್ತ ಮೇಲೆ ಮುದುಕಿಗೆ ತಲೆ ಕೆಟ್ಟಿದೆ. ಹಾಕಿದರೆ ಲೈಸೆನ್ಸ್ ವಾಪಸ್. ಹಾಕದಿದ್ದರೆ... ಬೇರೆ ಯಾವ ಕೆಲಸ ಗೊತ್ತು ನನಗೆ?
ಎದುರು ಬೆಂಚಿನಲ್ಲಿ ಶಿಮೆ.
"ಹೆದರ್ಬೇಡಿ ಮೇಷ್ಟ್ರೇ. ನನ್ನ ಮಗ ಹೇಳಿದ್ದನ್ನ ಇವರಿಗೂ ಹಾಗೇ ಹೇಳಿ, ಬಿಟ್ಬಿಡ್ತಾರೆ."
ಸಹಿ ಹಾಕಿದರೂ ಸುಳ್ಳು, ಅವಳು ಹೇಳಿದಂತೆ ಹೇಳಿದರೂ ಸುಳ್ಳು. ನಿಜ ಹೇಳಿದರೆ ಅವಳ ಮಗ ಏನೂ ಹೇಳದೆ ಸತ್ತವನಾಗುತ್ತಾನೆ.
ಕರೆಯುತ್ತಿದ್ದಾರೆ. ಸಹಿ ಹಾಕದ ಹಾಳೆ ಕೈಯಲ್ಲೇ ಇದೆ. ಅವಳ ಕಡೆ ನೋಡದೆ ಒಳಗೆ ಹೋಗಿಬಿಡಬೇಕು, ಅವಳು ಮತ್ತೆ ಏನಾದರೂ ಹೇಳುವ ಮುಂಚೆ—