ಒದ್ದೆ ಗೋಣಿ

ಮಾರ್ಚ್ 9, ಬೆಳಿಗ್ಗೆ
ಮತ್ತೆ ಬೇಲಿ ಸುತ್ತ ನರಿ ಹೆಜ್ಜೆ. ಮೊಟ್ಟೆ ಹೂತ ಮರಳು ಕೆದಕಿಲ್ಲ, ಸದ್ಯ. ತಂತಿ ಬಿಗಿ ಮಾಡೋಕೆ ಹೋಗಿ ಬೆರಳು ಕುಯ್ಕೊಂಡೆ.
"ನಿಧಾನ ಕಣೇ. ತಂತಿ ಏನ್ ನಿನ್ ಗಂಡನಾ, ಹಂಗೆ ಜಗ್ತೀಯ?" ದೊಡ್ಡಪ್ಪ.
ಸುಮ್ನಿರು ಅಂದೆ.
ಆಮೆ ಕೇಂದ್ರದ ಈ ಕೆಲಸಕ್ಕೆ ಸೇರಿಸಿದ್ದೂ ಇವನೇ. ಎಂಟನೇ ಕ್ಲಾಸ್ ಬಿಟ್ಟು ಮನೇಲಿ ಎಲ್ಲರ ಮೇಲೂ ಹಾರಾಡ್ತಿದ್ದೆ. ಬಾ, ಆಮೆ ಮೇಲೆ ಹಾರಾಡು, ಅವಕ್ಕೆ ಬೇಜಾರಾಗಲ್ಲ ಅಂದ.
ಮೊಟ್ಟೆ ಎಲ್ಲಾ ಒಂದೇ ಗುಂಡೀಲಿ. ಇಟ್ಟಿದ್ದು ಅಜ್ಜಿ — ನಮ್ಮ ಕೊಳದ ಮುದಿ ಆಮೆ. ಈ ಜಾತೀಲಿ ಹೆಣ್ಣು ಅಂತ ಉಳಿದಿರೋದು ಇವಳೊಬ್ಬಳೇ. ಎಷ್ಟು ಹುಡುಕಿದ್ರೂ ಇನ್ನೊಂದು ಸಿಕ್ಕಿಲ್ಲ. ಗಂಡು ನಾಕಿವೆ. ತಿಂತವೆ, ಬಿಸಿಲು ಕಾಯಿಸ್ತವೆ. ಅಷ್ಟೇ.

ಮಾರ್ಚ್ 15
ಡಾಕ್ಟರಮ್ಮ ಬಂದಿದ್ರು. ಪ್ರಾಣಿ ಡಾಕ್ಟರು, ಇಲ್ಲಿಗೆಲ್ಲ ಅವರೇ ದೊಡ್ಡವರು. ಆಮೇಲಿ ಗಂಡು-ಹೆಣ್ಣು ಅನ್ನೋದು ತಾಯಿ ಹೊಟ್ಟೇಲಿ ತೀರ್ಮಾನ ಆಗಲ್ವಂತೆ. ಮರಳಲ್ಲಿ ಆಗೋದಂತೆ. ಮರಳು ಬಿಸಿ ಇದ್ರೆ ಹೆಣ್ಣು, ತಂಪಿದ್ರೆ ಗಂಡು. ಅದೂ ಮರಿ ಬೆಳೆಯೋ ನಡುವಿನ ಮೂರು ವಾರದ ಬಿಸಿಯೇ ಮುಖ್ಯ, ಇನ್ನೊಂದು ವಾರಕ್ಕೆ ಅದು ಶುರು. ಅದು ದಾಟಿದ ಮೇಲೆ ತಿಪ್ಪರಲಾಗ ಹಾಕಿದ್ರೂ ಬದಲಾಗಲ್ಲ.
"ಇದೆಂಥಾ ವ್ಯವಸ್ಥೆ? ಇಷ್ಟು ಕಾಲ ಹೆಂಗ್ ಬದುಕಿದ್ವು?"
"ಡೈನೋಸಾರ್ ಇದ್ದಾಗಿಂದ ಬದುಕಿವೆ ಕಣಮ್ಮ. ನದಿ ದಂಡೇಲಿ ಒಂದು ಗೂಡು ಬಿಸಿಲಿಗೆ, ಇನ್ನೊಂದು ನೆರಳಿಗೆ. ಒಟ್ಟಲ್ಲಿ ಸರಿಹೋಗ್ತಿತ್ತು. ನಮ್ಮ ಹತ್ರ ಇರೋದು ಒಂದೇ ಗೂಡು."
ಅದಕ್ಕೇ ಬೇಕಂತ್ಲೇ ಬಿಸಿಲು ಬೀಳೋ ಕಡೆ ಹೂತಿರೋದು. ಹೆಣ್ಣಾಗ್ಲಿ ಅಂತ. ದೊಡ್ಡಪ್ಪ ಆಗ ಇರಲಿಲ್ಲ; ಈ ಸಲ ಎಲ್ಲಾ ಹೆಣ್ಣು ಮರಿ ಅಂತಷ್ಟೇ ಆಮೇಲೆ ಹೇಳಿದೆ.
ಅಮ್ಮಂಗೆ ಮೂರನೇದೂ ಹೆಣ್ಣು, ಅಂದ್ರೆ ನಾನು, ಹುಟ್ಟಿದಾಗ ಮನೇಲಿ ಯಾರೂ ಒಲೆ ಹಚ್ಚಿರಲಿಲ್ವಂತೆ. ಇಲ್ಲಿ ನೋಡಿದ್ರೆ ಹೆಣ್ಣಿಗೋಸ್ಕರ ಕಾವಲು.

ಮಾರ್ಚ್ 19
ಗೋಡೆಗೆ ಹೊಸ ಬೋರ್ಡ್. ಮರದ ಚಿತ್ರ. ಹಾವು, ಹಲ್ಲಿ ಒಂದು ಕೊಂಬೆ. ಮೊಸಳೆ, ಹಕ್ಕಿ ಇನ್ನೊಂದು. ಮೊಸಳೆಗೆ ಹಲ್ಲಿಗಿಂತ ಕೋಳಿ ಹತ್ತಿರದ ನೆಂಟ — ಡಾಕ್ಟರಮ್ಮ ಎರಡು ಸಲ ಹೇಳಿದ್ಮೇಲೆ ನಂಬಿದೆ. ಆಮೇನ ಮೊದ್ಲು ತಲೆಬುರುಡೆ ನೋಡಿ ಎಲ್ಲರಿಂದ ದೂರ ಕೂರಿಸಿದ್ರಂತೆ. ಈಗ ಜೀನ್ ನೋಡಿ ಮೊಸಳೆ, ಕೋಳಿ ಪಕ್ಕಕ್ಕೆ ತಂದಿದಾರೆ.
ದೊಡ್ಡಪ್ಪನ ಮುಖ ನೋಡ್ಬೇಕಿತ್ತು. ಇಪ್ಪತ್ತು ವರ್ಷ ಕೋಳಿ ಫಾರಮ್ಮಲ್ಲಿ ಇದ್ದೋನು.
"ನೋಡ್ದಾ? ನಾನು ಯಾವತ್ತೋ ಹೇಳಿರಲಿಲ್ವಾ, ಆಮೆ, ಕೋಳಿ ಎರಡೂ ಒಂದೇ ಸಂಸಾರ ಅಂತ. ನನಗೆ ಮೊಟ್ಟೆ ವಿಷ್ಯ ಹೇಳಿಕೊಡೋಕೆ ಬರ್ತಾಳೆ ಇವ್ಳು."
ಡಾಕ್ಟರಮ್ಮನೂ ನಕ್ರು.

ಮಾರ್ಚ್ 23
ನನ್ನ ಮೈ ಕೆಂಡ. ಕಣ್ಣು ಹಳದಿ ಅಂತೆ, ಕಾಮಾಲೆ. ಮನೇಗೆ ಕಳಿಸ್ತಿದಾರೆ. ಡಾಕ್ಟರಮ್ಮನೂ ಟ್ರೈನಿಂಗ್ ಅಂತ ಹೊರಟ್ರು. ದೊಡ್ಡಪ್ಪ ಒಬ್ನೇ. ನಾನಿದೀನಲ್ಲ, ಹೋಗೇ ಅಂದ.

ಏಪ್ರಿಲ್ 18
ಬಂದೆ. ಕಾಲಲ್ಲಿ ಇನ್ನೂ ಶಕ್ತಿ ಇಲ್ಲ.
ಗೂಡಿನ ಮೇಲೆ ಗೋಣಿಚೀಲ. ಒದ್ದೆ. ಏನಿದು ಅಂದೆ.
"ಬಿಸಿಲು ಹೆಂಗಿತ್ತು ಗೊತ್ತಾ? ಕಾಗೆ ಬಾಯ್ ಬಿಡ್ತಿದ್ವು. ಮೊಟ್ಟೆ ಬೆಂದೇ ಹೋಗ್ತಿತ್ತು. ಕೋಳಿ ಶೆಡ್ಡಲ್ಲಿ ಹಿಂಗೇ ಮಾಡ್ತಿದ್ವಿ. ನೀನು ಹೋದ ಮಾರನೇ ದಿನದಿಂದ ಒಂದು ದಿನಾನೂ ತಪ್ಪಿಸಿಲ್ಲ. ನೀರು ಹೊತ್ತು ಸೊಂಟ ಬಿತ್ತು. ಕೈ ಇಟ್ಟು ನೋಡೇ."
ಇಟ್ಟೆ. ತಣ್ಣಗಿತ್ತು.
ಗೋಣಿ ಕಿತ್ತು ಬೇಲಿ ಆಚೆ ಎಸೆದೆ. ಬೈಯೋಕೆ ಅವನ ಕಡೆ ತಿರುಗಿದೆ. ಅವನ ಹೆಗಲ ಮೇಲೆ ಕೊಡದ ಗುರುತು, ಚರ್ಮ ಸುಲಿದು ಕೆಂಪಗೆ.
"ಯಾಕೇ?"
"ಏನಿಲ್ಲ. ಇನ್ನು ಬೇಡ. ಇನ್ನು ಬೇಕಾಗಿಲ್ಲ."

ಏಪ್ರಿಲ್ 20
ಫೋನ್ ಮಾಡಿ ಹೇಳಿದ್ದೆ. ಡಾಕ್ಟರಮ್ಮ ಬಂದ್ರು. ದೊಡ್ಡಪ್ಪನ್ನ ಮೀನು ತರೋಕೆ ಕಳಿಸಿ ಒಂದು ಮೊಟ್ಟೆ ಒಡೆದ್ರು. ಒಳಗಡೆ ಉಗುರಿಂದ ಹಿಡಿದು ಎಲ್ಲಾ ಇತ್ತು. ಅದರ ಎದೆ ಹೊಡ್ಕೊಳ್ತಿತ್ತು ಸ್ವಲ್ಪ ಹೊತ್ತು. ಭೂತಗನ್ನಡಿ ಇಟ್ಟು ತುಂಬಾ ಹೊತ್ತು ನೋಡಿದ್ರು.
"ಗಂಡು."
"ಉಳಿದಿದ್ದು?"
"ಎಲ್ಲಾ ಅದೇ ಮರಳಲ್ಲೇ ಇದ್ದಿದ್ದು. ಒಂದೋ ಎರಡೋ ಹೆಣ್ಣಿದ್ರೂ ಇರಬಹುದು. ದೊಡ್ಡವಾಗೋವರೆಗೂ ನೋಡಿದ್ರೆ ಗೊತ್ತಾಗಲ್ಲ."
"ಮತ್ತೆ ಬಿಸಿ ಮಾಡಿದ್ರೆ? ದೀಪ ಹಾಕೋಣ. ನಾನು ಕಾಯ್ತೀನಿ."
ಆ ಮೂರು ವಾರ ದಾಟಿ ಹೋಯ್ತು ಅಂತ ತಲೆ ಅಲ್ಲಾಡಿಸಿದ್ರು.
ಬೈತಾರೆ ಅಂತ ಕಾದೆ. ಬೈದಿದ್ರೆ ನಾನೂ ತಿರುಗಿ ಬೈಬಹುದಿತ್ತು. "ಅವ್ರಿಗೆ ನಾನು ಹೇಳಬೇಕಿತ್ತು" ಅಂತಷ್ಟೇ ಅಂದ್ರು. "ಈಗ ಹೇಳೋದು ಬೇಡ. ಅಜ್ಜಿ ಇದಾಳಲ್ಲ. ಮುಂದಿನ ವರ್ಷ ಸರಿಯಾಗಿ ಮಾಡೋಣ."

ಏಪ್ರಿಲ್ 26
ಅಜ್ಜಿ ಮೇವು ಮುಟ್ಟಿಲ್ಲ. ನೀರಲ್ಲಿ ಓರೆಯಾಗಿ ತೇಲ್ತಾಳೆ. ಶ್ವಾಸಕೋಶ ಅಂತೆ. ಇಂಜೆಕ್ಷನ್ ಕೊಟ್ರು. ಕೈಲಿ ಹಿಡ್ಕೊಂಡಿದ್ದೆ, ಒಂದು ಸಲನೂ ಕಚ್ಚಲಿಲ್ಲ. ಮೊದಲಾಗಿದ್ರೆ ಬೆರಳೇ ಹೋಗ್ತಿತ್ತು.
ಕಚ್ಚೇ ಅಂದೆ.

ಮೇ 1
ಹೋದ್ಲು.
ಸತ್ತಿದಾಳೆ ಅಂತ ಗೊತ್ತಾಗೋಕೇ ಅರ್ಧ ದಿನ ಬೇಕಾಯ್ತು. ಇವುಗಳ ಎದೆ ಅಷ್ಟು ನಿಧಾನ.
ದೊಡ್ಡಪ್ಪ ಕಣ್ಣೊರೆಸ್ಕೊಂಡ. "ಇರ್ಲಿ ಬಿಡು. ಹೆಣ್ಮಕ್ಕಳನ್ನ ಬಿಟ್ಟು ಹೋಗಿದಾಳಲ್ಲ."
ಶೆಡ್ ಹಿಂದೆ ಹೋಗಿ ಬಕೆಟ್ ಒದ್ದೆ. ಒಡೀತು. ಅದಕ್ಕೆ ಬೈಸ್ಕೊಂಡೆ. ಅದಕ್ಕಾದ್ರೂ.

ಮೇ 12, ಬೆಳಿಗ್ಗೆ
ಮರಳು ಕುಸೀತಾ ಇದೆ. ಮೂಗು ಕಾಣಿಸ್ತು. ಮೂಗಿನ ತುದೀಲಿ ಸಣ್ಣ ಮುಳ್ಳು, ಅದರಲ್ಲೇ ಚಿಪ್ಪು ಸೀಳೋದು. ಡಾಕ್ಟರಮ್ಮ ದಾರೀಲಿದಾರೆ.
ದೊಡ್ಡಪ್ಪ ಮಂಡಿ ಊರಿ ಕೂತಿದಾನೆ. ಒಂದನ್ನ ಅಂಗೈ ಮೇಲೆ ಇಟ್ಕೊಂಡ.
"ಬಾರೇ ನನ್ನವ್ವ. ನೋಡೇ, ಸಿಡುಕು ಎಲ್ಲಾ ಅಜ್ಜೀದೇ. ಇವ್ಳು ಮೊಟ್ಟೆ ಇಡೋಕೆ ಎಷ್ಟು ವರ್ಷ ಬೇಕೇ?"
"ಹದಿನೈದು."
"ಹಂಗಾದ್ರೆ ನಾನಿರಲ್ಲ. ನೀನಿರ್ತೀಯಲ್ಲ. ಅವತ್ತು ಇವ್ಳಿಗೆ ಹೇಳು, ನಿಮ್ ತಾತ ನಿನ್ನ ಬಿಸಿಲಲ್ಲಿ ಬೇಯೋಕೆ ಬಿಡ್ಲಿಲ್ಲ ಅಂತ. ಹೇಳ್ತೀಯಾ?"
ನೀರು ಕುಡಿದು ಬರ್ತೀನಿ ಅಂತ ಒಳಗೆ ಬಂದು ಇದನ್ನ ಬರೀತಿದೀನಿ. ಕೂಗ್ತಾ ಇದಾನೆ. ಇನ್ನೊಂದು ಬಂತಂತೆ, ಇವ್ಳೂ ಅಜ್ಜಿ ಥರಾನೇ ಅಂತೆ, ಬಾರೇ ಬಾರೇ ಅಂತ. ಹೋಗ್ಬೇಕು. ಹೋಗಿ ಅವನ ಮುಖ ನೋಡ್ಕೊಂಡು, ಹ್ಞೂಂ ದೊಡ್ಡಪ್ಪ ಹೇಳ್ತೀನಿ, ಅಂತ