ಫ್ರೇಮಿನಲ್ಲಿ ನಿಲ್ಲದ ಅಪ್ಪ

ಮಾರ್ಚ್ 3
ಇವತ್ತೂ ಶೂಟಿಂಗ್ ಎಕ್ಕುಟ್ಟಿಹೋಯಿತು. ಅಪ್ಪನನ್ನು ಕಿಟಕಿ ಪಕ್ಕ ಕೂರಿಸಿ, ಕಾಲರಿಗೆ ಮೈಕ್ ಸಿಕ್ಕಿಸಿದೆ. ಜೀವನವಿಡೀ ಮದುವೆ ವಿಡಿಯೋ ತೆಗೆದ ಮನುಷ್ಯ. ಅವರ ಬಗ್ಗೆ ಡಾಕ್ಯುಮೆಂಟರಿ ಮಾಡುವುದು ಸುಲಭ ಅಂದುಕೊಂಡಿದ್ದೆ. ನನ್ನ ಬುದ್ಧಿಗಿಷ್ಟು...

"ಅಪ್ಪಾ, ನಿಮ್ಮ ಮೊದಲ ಕ್ಯಾಮೆರಾ ಬಗ್ಗೆ ಹೇಳಿ."

"ಅದು..." ಅಂದರು. ಎದ್ದರು. ಪರದೆ ಎಳೆದರು. "ಬೆಳಕು ಜಾಸ್ತಿಯಾಗಿ ಒಂದು ಕಡೆ ಕೆನ್ನೆ ಬೆಳ್ಳಗೆ ಸುಟ್ಟು ಹೋಗ್ತಿದೆ ಕಣಮ್ಮ. ನೋಡ್ಕೋಬಾರ್ದಾ?"

ಫ್ರೇಮಿನಲ್ಲಿ ಖಾಲಿ ಕುರ್ಚಿ. ನಿನ್ನೆಯೂ ಅದೇ.

ಮಾರ್ಚ್ 5
ಉಪಾಯ ಮಾಡಿದೆ. ಮೈಕಿನ ವೈರನ್ನು ಕುರ್ಚಿಯ ಕಾಲಿಗೆ ಸುತ್ತಿದೆ. ಅಪ್ಪ ಎದ್ದರು. ಕುರ್ಚಿಯೂ ಹಿಂದೆಯೇ ಹೊರಟಿತು.

ಬಾಗಿಲಲ್ಲಿ ನಿಂತಿದ್ದ ಅಮ್ಮ ಬಿದ್ದು ಬಿದ್ದು ನಕ್ಕಳು. ಆಮೇಲೆ ಮುಖ ಗಂಟಿಕ್ಕಿದಳು. "ಇವರನ್ನ ಕೂರಿಸ್ತೀಯಾ ನೀನು? ನಮ್ಮ ಮದುವೆ ಆಲ್ಬಮ್ ನೋಡು. ಎಲ್ಲಾದ್ರಲ್ಲೂ ನಾನೊಬ್ಬಳೇ. ಮದುಮಗ ಫೋಟೋಗ್ರಾಫರ್‌ಗೆ ಪಾಠ ಹೇಳ್ತಾ ಲೈಟ್ ಹಿಡ್ಕೊಂಡು ನಿಂತಿದ್ರು. ನಿನ್ನ ಗಂಡ ಎಲ್ಲೇ ಅಂತ ಇವತ್ತಿಗೂ ಕೇಳ್ತಾರೆ."

"ಹಳೇ ಕಥೆ ಬಿಡೇ," ಅಂದರು ಅಪ್ಪ. ಮತ್ತೆ ಪರದೆ ಹತ್ತಿರ.

ಮಾರ್ಚ್ 6
ಸಿನಿಮಾಕ್ಕೆ ದುಡ್ಡು ಹಾಕಿರುವ ಚಾನೆಲ್‌ನ ಮೇಡಂ ಫೋನ್. "ಅಪ್ಪ ಮನಸ್ಸು ಬಿಚ್ಚಿ ಮಾತಾಡೋ ಒಂದು ಸೀನ್ ಸೋಮವಾರದೊಳಗೆ ಕಳಿಸಿ. ಇಲ್ಲಾಂದ್ರೆ ಸಿನಿಮಾ ನಿಲ್ಲಿಸ್ತೀವಿ. ಕುರ್ಚಿ ನೋಡಿ ಸಾಕಾಯ್ತು."

ಎರಡು ವರ್ಷದ ಕೆಲಸ.

ಮಾರ್ಚ್ 9, ಭಾನುವಾರ
ಸೋತೆ. ಕ್ಯಾಮೆರಾ ಅಪ್ಪನ ಕೈಗೇ ಕೊಟ್ಟು, ಅಮ್ಮನನ್ನು ಕುರ್ಚಿಯಲ್ಲಿ ಕೂರಿಸಿದೆ. ಕ್ಯಾಮೆರಾ ಹಿಂದೆ ಹೋದದ್ದೇ ತಡ, ಅಪ್ಪ ಬೇರೆಯೇ ಮನುಷ್ಯ. "ಗದ್ದ ಸ್ವಲ್ಪ ಮೇಲೆ. ಈ ಕಡೆ. ಹ್ಞಾಂ."

ಅಮ್ಮ ಬಿಡಲಿಲ್ಲ. "ಅವತ್ತು ಮದುವೇಲಿ ಯಾಕೆ ಎದ್ದು ಹೋದ್ರಿ? ಈಗಲಾದ್ರೂ ಬಾಯಿ ಬಿಡಿ."

ಅಪ್ಪ ಫೋಕಸ್ ತಿರುಗಿಸುತ್ತಲೇ ಹೇಳಿದರು: "ಆ ಫೋಟೋಗ್ರಾಫರ್ ಮಹಾನುಭಾವ ಲೈಟೆಲ್ಲ ನನ್ನ ಮೇಲೆ ಬಿಟ್ಟಿದ್ದ. ನೀನು ಕತ್ತಲಲ್ಲಿ ಕೂತಿದ್ದೆ. ನಿನ್ನ ಮುಖ ಚೆನ್ನಾಗಿ ಬರ್ಲಿ ಅಂತ ಎದ್ದೆ. ಬಂದಿದೆ ತಾನೇ? ಒಂದ್ರಲ್ಲಾದ್ರೂ ಮಂಕಾಗಿದೆಯಾ?"

ಅಮ್ಮ ತಾನಾಗಿಯೇ ಗದ್ದ ಇನ್ನಷ್ಟು ಮೇಲೆತ್ತಿ ಕೂತಳು. ನನಗೆ ಅಳು ತಡೆಯಲಾಗಲಿಲ್ಲ. ಪುಣ್ಯಕ್ಕೆ ಮೈಕ್ ಅಪ್ಪನ ಕಾಲರಿನಲ್ಲೇ ಇತ್ತು, ಮಾತೆಲ್ಲ ರೆಕಾರ್ಡ್ ಆಗಿತ್ತು.

ಮಾರ್ಚ್ 10
ಕಳಿಸಿದೆ. ಮೇಡಂ ಫೋನಿನಲ್ಲಿ ಮೂಗು ಸೊರಸೊರ ಎಳೆಯುತ್ತಾ: "ಅತ್ತುಬಿಟ್ಟೆ ಕಣ್ರೀ. ಮುಂದುವರಿಸಿ. ಆದ್ರೆ ಪೋಸ್ಟರ್‌ಗೆ ಅಪ್ಪ ಅಮ್ಮ ಒಟ್ಟಿಗಿರೋ ಒಂದು ಫೋಟೋ ಬೇಕು."

ಅಯ್ಯೋ ದೇವರೇ. ಈ ಭೂಮಿ ಮೇಲೆ ಇಲ್ಲದ ಫೋಟೋ!

ಇಬ್ಬರನ್ನೂ ಒಳಗೆ ಕೂರಿಸಿದ್ದೇನೆ. ಬ್ಯಾಟರಿ ಚಾರ್ಜ್ ಆಗುವವರೆಗೆ ಇಷ್ಟು ಬರೆದೆ. ಅಮ್ಮ ಕೂಗುತ್ತಿದ್ದಾಳೆ: "ಬೇಗ ಬಾರೇ! ಇವರ ಅಂಗಿ ಹಿಡ್ಕೊಂಡಿದೀನಿ, ಗುಂಡಿ ಕಿತ್ತು ಬರ್ತಿದೆ!"

"ಒಂದೇ ನಿಮಿಷ ಬಿಡೇ, ನಿನ್ನ ಮುಖದ ಮೇಲೆ ಲೈಟು..."

ಬಂದೆ, ಬಂದೆ. ಅಮ್ಮಾ, ಕೈ ಬಿಡಬೇಡ, ಈ ಸಲ ಮಾತ್ರ—